ಮಗನನ್ನು ಟೇಪು ಕೊಟ್ಟು ಕಳಿಸು

ಪ್ರೀತಿಯ ಶಿವಣ್ಣ,

ಮಗ ಕಾಮಿಡಿ ಸೀರಿಯಲ್ಲಿಗೆ ಸೆಟ್ ಹಾಕೋ ಕೆಲಸಕ್ಕೇ ಹೋಗ್ತೀನಿ ಅಂತ ಹಟ ಹಿಡಿದಿದ್ದಾನೆ, ಅದರಲ್ಲಿ ಅನ್ನ ಹುಟ್ಟುತ್ತೇನಪ್ಪಾ ಅಂತ ನೀನು ಕೇಳಿದ್ದೆ. ಹುಟ್ಟುತ್ತೆ, ಹೊತ್ತಿಗೆ ಸರಿಯಾಗಿ ಹುಟ್ಟಲ್ಲ ಅಷ್ಟೆ. ಒಂದು ಸೀರಿಯಲ್ಲಿನವರು ನನಗೆ ಕೊಡಬೇಕಾದ ಬಾಕಿ, ಸೀರಿಯಲ್ ನಿಂತುಹೋದ ಮೇಲೂ ಬರಲಿಲ್ಲ. ಬಡಗಿಗಳಿಗೆ ನಾನೇ ಕೈಯಿಂದ ಕೊಟ್ಟೆ. ಇದನ್ನು ಅವನಿಗೂ ಹೇಳು.

ಆದರೆ ಸೆಟ್ ಅಂದರೆ "ಏನ್ ಮಹಾ, ಒಂದು ಹಾಲ್, ಒಂದು ಸೋಫಾ" ಅಂದೆಯಲ್ಲ, ಅದಕ್ಕೆ ಜವಾಬು ಕೊಡಲೇಬೇಕು. ಬಾಗಿಲನ್ನೇ ತಗೋ. ಗುಬ್ಬಿಯ ನಿಮ್ಮನೆ ಬಾಗಿಲು ಒಳಕ್ಕೆ ತೆರೆಯುತ್ತೆ, ಬಂದವರು ಅರೆಗಳಿಗೆ ಹಲಗೆ ಮರೆಗೆ ಹೋಗ್ತಾರೆ. ಸೆಟ್ಟಲ್ಲಿ ಹಾಗಾದರೆ ಕೆಟ್ಟಿತು. ಸಾಲ ಕೊಟ್ಟವನು ಬಂದ ಅನ್ನೋ ಗಳಿಗೆಗೇ ಅವನ ಮುಖ ಕಾಣಬೇಕು, ತಡವಾದರೆ ನಗು ಬರಲ್ಲ. ಅದಕ್ಕೇ ಬಾಗಿಲನ್ನು ಪಕ್ಕದ ಗೋಡೆಗಿಟ್ಟು, ಕೀಲನ್ನು ಕ್ಯಾಮೆರಾಗೆ ದೂರದ ಅಂಚಿಗೆ ಹಾಕ್ತೀವಿ. ಹಲಗೆ ಹಿಂದಕ್ಕೆ ಸರಿದು ಆಳು ಪೂರ್ತಿ ಕಾಣ್ತಾನೆ. ಅಲ್ಲಿಂದ ಸೋಫಾಗೆ ಎಷ್ಟು ಹೆಜ್ಜೆ ಅನ್ನೋದೂ ಲೆಕ್ಕವೇ. ಬೈಗುಳ ಮುಗಿಯೋದಕ್ಕೂ ಅವನು ಕೂರೋದಕ್ಕೂ ತಾಳೆಯಾಗಬೇಕು. ದಿಂಬಿನಡಿ ಪ್ಲೈವುಡ್ ತುಂಡು ಇಡ್ತೀವಿ. ಇಲ್ಲದಿದ್ದರೆ ದಢೂತಿ ನಟರು ಹೂತುಹೋಗಿ, ಎದ್ದು ಜಗಳಕ್ಕೆ ನಿಲ್ಲೋ ಹೊತ್ತಿಗೆ ಜಗಳವೇ ಆರಿರುತ್ತೆ!

ಅಮೆರಿಕದ ಸೆಟ್ ವಿನ್ಯಾಸಕ ಜಾನ್ ಶಾಫ್ನರ್ ಬಗ್ಗೆ ಅವನು ಓದಲಿ. 'ಫ್ರೆಂಡ್ಸ್' ಸೀರಿಯಲ್ಲಿನ ಮೋನಿಕಾ ಮನೆಗೆ ನೇರಳೆ ಬಣ್ಣ ಬಳಿಸಿದವರು ಅವರು. ಚಾನೆಲ್ ತಿರುಗಿಸುವಾಗ ಗೋಡೆ ನೋಡಿಯೇ ಯಾವ ಸೀರಿಯಲ್ ಅಂತ ಗೊತ್ತಾಗಬೇಕು ಅನ್ನೋದು ಅವರ ಯೋಚನೆ. 2007ರಿಂದ 2019ರವರೆಗೆ ಬಂದ 'ದಿ ಬಿಗ್ ಬ್ಯಾಂಗ್ ಥಿಯರಿ'ಗೂ ಅವರದೇ ವಿನ್ಯಾಸ. ಅದರಲ್ಲಿ ಲಿಫ್ಟ್ ಕೆಟ್ಟಿದೆ, ಪಾತ್ರಗಳು ಮಹಡಿ ಮೇಲೆ ಮಹಡಿ ಹತ್ತುತ್ತಲೇ ಇರ್ತವೆ. ಇದ್ದದ್ದು ಮಾತ್ರ ಒಂದೇ ಮೆಟ್ಟಿಲಸಾಲು. ಪ್ರತಿ ಮಹಡಿಗೂ ಅಲ್ಲಿನ ಸಾಮಾನು ಬದಲಾಯಿಸ್ತಿದ್ದರು. ಬಜೆಟ್ ಇದ್ದವರೂ ಹೀಗೆ ಮಾಡ್ತಾರೆ ನೋಡು.

1884ರಲ್ಲಿ ಹುಟ್ಟಿದ ನಿಮ್ಮೂರ ಗುಬ್ಬಿ ನಾಟಕ ಕಂಪನಿ 'ಕುರುಕ್ಷೇತ್ರ'ಕ್ಕೆ ಆನೆ ಕುದುರೆಗಳನ್ನೇ ರಂಗದ ಮೇಲೆ ತಂದಿತ್ತಲ್ಲ, ಆ ವೈಭವ ತಲೆಯಲ್ಲಿಟ್ಟುಕೊಂಡು ಬಂದರೆ ಹುಡುಗ ಇಲ್ಲಿ ಒದ್ದಾಡ್ತಾನೆ. ಆನೆ ನಿಂತಿದ್ದರೆ ಜನ ಆನೆ ನೋಡ್ತಾರೆ, ಜೋಕು ಯಾರು ಕೇಳ್ತಾರೆ?

ಮೊದಮೊದಲು ಹಳೇ ಪ್ಲೈವುಡ್ಡಿಂದ ಮೊಳೆ ಕೀಳಿಸ್ತೀನಿ, ಬೇಜಾರು ಮಾಡ್ಕೋಬೇಡ. ಅಸಿಸ್ಟೆಂಟಾಗಿ ಕೆಲವು ವರ್ಷ, ಆಮೇಲೆ ಕಲಾ ನಿರ್ದೇಶನ. ಪ್ರೊಡಕ್ಷನ್ ಡಿಸೈನರ್, ಅಂದರೆ ಇಡೀ ಸೀರಿಯಲ್ಲಿನ ನೋಟಕ್ಕೇ ಹೊಣೆಯಾದವನು, ಅನ್ನಿಸಿಕೊಳ್ಳೋದು ಇನ್ನೂ ದೂರದ ಮಾತು. ಬರುವಾಗ ನಿಮ್ಮನೆ ಹಜಾರವನ್ನು ಟೇಪಲ್ಲಿ ಅಳೆದು, ನಕ್ಷೆ ಬರೆದು ತರಲಿ. ಅದರಲ್ಲಿ ನಿನ್ನ ಕುರ್ಚಿ ಎಲ್ಲಿದೆ, ಯಾಕೆ ಅಲ್ಲೇ ಇದೆ ಅಂತಾನೂ ಬರೆದಿರಲಿ. ಊಟ, ಮಲಗೋದು ನಮ್ಮನೇಲೇ. ಸಂಬಳದ ಮಾತನ್ನು ನಕ್ಷೆ ನೋಡಿದ ಮೇಲೆ ಆಡೋಣ.

ನಿನ್ನ,
ರಾಮು