ಮಣ್ಣು ಮೊದಲು, ಗ್ಯಾಲರಿ ಆಮೇಲೆ

ಮಾಟುಂಗಾ, ಮುಂಬಯಿ

ಪ್ರೀತಿಯ ಪ್ರಸನ್ನ,

ದೊಡ್ಡಮ್ಮನ ಆಶೀರ್ವಾದಗಳು. ನೀನು ನಟನೆ ಬಿಟ್ಟು ಶಿಲ್ಪ, ಪೇಂಟಿಂಗ್ ಅಂತ ಹೊರಟಿದ್ದೀಯ ಎಂದು ನಿನ್ನಮ್ಮ ಫೋನಿನಲ್ಲಿ ಅತ್ತಳು. ನನಗೇನೂ ಅಳು ಬರಲಿಲ್ಲ. ಮುನ್ಸಿಪಾಲಿಟಿಯ ಕನ್ನಡ ಶಾಲೆಯಲ್ಲಿ ಡ್ರಾಯಿಂಗ್ ಟೀಚರಾಗಿದ್ದವಳಿಗೆ ಮನೆಯಲ್ಲೊಬ್ಬ ಮಣ್ಣು ಮುಟ್ಟಿದರೆ ಖುಷಿಯೇ. ಆದರೆ ಈಗಲೇ ಜಹಾಂಗೀರ್ ಆರ್ಟ್ ಗ್ಯಾಲರಿಗೆ ಅರ್ಜಿ ಹಾಕುತ್ತೀಯಂತೆ. ಪಾಳಿ ಬರಲು ಹೇಗೂ ವರ್ಷಗಟ್ಟಲೆ ಬೇಕು, ಅಷ್ಟರಲ್ಲಿ ಮಾಡಿಬಿಡ್ತೀನಿ ಅಂದೆಯಂತೆ. ನನ್ನ ತಕರಾರು ಇಲ್ಲೇ.

ಅಮ್ಮನ ಬಾಯಿ ಮುಚ್ಚಿಸಲು ಹಾಲಿವುಡ್ ನಟ ಆಂಥನಿ ಕ್ವಿನ್ ಹೆಸರು ಹೇಳಿದೆಯಲ್ಲ, ಆ ಕಥೆಯನ್ನು ಪೂರ್ತಿ ನೋಡು. ಅವನಿಗೆ ಬಂದ ಎರಡು ಆಸ್ಕರೂ ಪೋಷಕ ಪಾತ್ರಕ್ಕೇ, ನೀನು ಮಾಡುವಂಥದ್ದಕ್ಕೇ. ಎರಡನೆಯದು ವ್ಯಾನ್ ಗೋ ಕುರಿತ 1956ರ ಚಿತ್ರದಲ್ಲಿ ಗೊಗ್ಯಾನ್ ಎಂಬ ಚಿತ್ರಕಾರನ ಪಾತ್ರಕ್ಕೆ ಬಂತು. ಆದರೆ ಕಲೆ ಅವನಿಗೆ ಮುಪ್ಪಿನಲ್ಲಿ ಹುಟ್ಟಿದ ಆಸೆಯಲ್ಲ. ಹುಡುಗನಿದ್ದಾಗಲೇ ಅಬ್ರಹಾಂ ಲಿಂಕನ್‌ನ ತಲೆ ಮಾಡಿ ಬಹುಮಾನ ಗೆದ್ದಿದ್ದ. ವಾಸ್ತುಶಿಲ್ಪಿ ಫ್ರಾಂಕ್ ಲಾಯ್ಡ್ ರೈಟ್ ಹತ್ತಿರ ಕಲಿತಿದ್ದ. 1982ರಲ್ಲಿ ಹವಾಯಿಯಲ್ಲಿ ದೊಡ್ಡ ಪ್ರದರ್ಶನ ಆದಾಗ ಅವನಿಗೆ ಅರವತ್ತು ದಾಟಿತ್ತು. ಅದಾದ ಮೇಲೂ ನಟನೆ ಬಿಡಲಿಲ್ಲ, ನೆನಪಿಡು. ನಮ್ಮ ಅಮೋಲ್ ಪಾಲೇಕರ್ ಕೂಡ ಅಷ್ಟೇ. ಮುಂಬಯಿಯ ಜೆ.ಜೆ. ಕಲಾಶಾಲೆಯಲ್ಲಿ ಪೇಂಟಿಂಗ್ ಕಲಿತು, ಆಮೇಲೆ ನಾಟಕ, ಸಿನಿಮಾ, ಮತ್ತೆ ಕುಂಚ.

ಇನ್ನು ನಿನಗೆ ಮೂವತ್ತೆಂಟಾಯಿತು, ಈಗ ಯಾರ ಕೈಕೆಳಗೆ ಕಲಿಯಲಿ ಅನ್ನುವ ಮಾತು. ಉಡುಪಿ ಹತ್ತಿರದ ಕಟ್ಟಿಂಗೇರಿಯ ಚಿತ್ರಕಾರ ಕೆ.ಕೆ. ಹೆಬ್ಬಾರ್ 1911ರಲ್ಲಿ ಹುಟ್ಟಿದವರು. ಜೆ.ಜೆ.ಯಲ್ಲಿ ಓದಿ, ಅಲ್ಲೇ ಪಾಠ ಹೇಳಿ, ಮುಂಬಯಿಯಲ್ಲಿ ಹೆಸರು ಮಾಡಿದ್ದರು. ಅಷ್ಟಾದ ಮೇಲೆ 1949ರಲ್ಲಿ ಪ್ಯಾರಿಸ್ಸಿಗೆ ಹೋಗಿ ಅಕಾಡೆಮಿ ಜೂಲಿಯನ್‌ನಲ್ಲಿ ಮತ್ತೆ ವಿದ್ಯಾರ್ಥಿಯಾದರು. ಲೆಕ್ಕ ಹಾಕು, ನಿನ್ನದೇ ವಯಸ್ಸು.

ಧಾರಾವಾಹಿಯವರು ನಿನ್ನ ಪಾತ್ರವನ್ನು ಹೇಳದೆ ಕೇಳದೆ ಸಾಯಿಸಿದರು, ಬಾಕಿ ದುಡ್ಡಿಗೂ ಅಲೆಸಿದರು. ಸಿಟ್ಟು ಬರಬೇಕಾದ್ದೇ. ಆದರೆ ಆ ಸಿಟ್ಟಿನಲ್ಲಿ ಗೋರೆಗಾಂವ್ ಫಿಲ್ಮ್ ಸಿಟಿ ಕಡೆ ತಲೆ ಹಾಕುವುದಿಲ್ಲ ಎನ್ನಬೇಡ. ಬಾಡಿಗೆಯನ್ನು ಮಣ್ಣು ಕಟ್ಟುವುದಿಲ್ಲ. ಸಿಕ್ಕ ಪಾತ್ರ ಮಾಡು, ಉಳಿದ ಹೊತ್ತು ಕಲಿ. ಟಿವಿಯಲ್ಲಿ ಕಂಡ ಮುಖ ಅಂತ ಮೊದಲ ಪ್ರದರ್ಶನಕ್ಕೆ ನಾಲ್ಕು ಜನ ಬಂದಾರು, ಸೆಲ್ಫಿ ತೆಗೆದುಕೊಂಡು ಹೋದಾರು. ಮುಂದಿನದಕ್ಕೆ?

ನಿನ್ನ ಹತ್ತಿರ ನಿಜವಾದ ಬಂಡವಾಳ ಬೇರೆ ಇದೆ. ಆ ಮುದಿ ವಾಚ್‌ಮನ್ ಪಾತ್ರದಲ್ಲಿ ಮಾತೇ ಇರಲಿಲ್ಲ, ಗೇಟಿನ ಹತ್ತಿರ ನಿಂತಿದ್ದೆ ಅಷ್ಟೆ. ಭಾರವೆಲ್ಲ ಎಡಗಾಲಿನ ಮೇಲೆ. ಆ ಕಡೆ ಸೊಂಟ ಮೇಲೆದ್ದಿತ್ತು, ಅದೇ ಕಡೆ ಭುಜ ಇಳಿದಿತ್ತು, ಬಲ ಮಂಡಿ ಸಡಿಲ. ಜೆ.ಜೆ. ಹುಡುಗರು ಮಾಡೆಲ್ ಎದುರು ಕೂತು ಇದನ್ನು ಕಾಣಲು ಎಷ್ಟು ಕಾಗದ ಹರಿಯುತ್ತಾರೆ ಗೊತ್ತಾ? ನಿನ್ನ ಮೈಗೆ ಅದು ಗೊತ್ತಿದೆ, ಬೆರಳಿಗೆ ಗೊತ್ತಿಲ್ಲ. ಹಾಗಾಗಿ ನೀನು ಕಳಿಸಿದ ಫೋಟೋದ ದೇವಿಯರು, ಕುದುರೆಗಳು ಬೇಡ. ನಿಂತವರನ್ನು, ಕಾಯುವವರನ್ನು, ಲೋಕಲ್ ರೈಲಿನಲ್ಲಿ ತೂಕಡಿಸುವವರನ್ನು ಮಾಡು.

ಮಣ್ಣಿನ ವಿಷಯ. ಪರಳ, ಲಾಲ್‌ಬಾಗ್ ಕಡೆ ಗಣಪತಿ ಮಾಡುವವರನ್ನು ಕೇಳಿದರೆ ಶಾಡೂ ಮಣ್ಣು ಕೊಡುತ್ತಾರೆ. ಚೆನ್ನಾಗಿ ನಾದು, ಒಳಗೆ ಗಾಳಿ ಉಳಿಯಬಾರದು. ನಿಂತ ಆಕೃತಿಗೆ ಒಳಗೆ ತಂತಿ ಕಟ್ಟಿಕೊ, ಇಲ್ಲದಿದ್ದರೆ ಬೆಳಿಗ್ಗೆ ಏಳುವಷ್ಟರಲ್ಲಿ ಕುಸಿದಿರುತ್ತದೆ. ರಾತ್ರಿ ಒದ್ದೆ ಬಟ್ಟೆ ಸುತ್ತಿ ಮೇಲೊಂದು ಪ್ಲಾಸ್ಟಿಕ್ ಹೊದಿಸು. ಪ್ಲಾಸ್ಟರಿನಲ್ಲಿ ಅಚ್ಚು ತೆಗೆಯುವಾಗ ನೀರಿಗೆ ಪುಡಿ ಉದುರಿಸು, ಪುಡಿಗೆ ನೀರು ಸುರಿಯಬೇಡ, ಗಂಟು ಕಟ್ಟುತ್ತದೆ. ಕಂಚಿನ ಮಾತು ಈಗಲೇ ಎತ್ತಬೇಡ, ಖರ್ಚು ಜಾಸ್ತಿ.

ಅರ್ಜಿ ಸದ್ಯಕ್ಕೆ ಡ್ರಾಯರಿನಲ್ಲಿರಲಿ. ಶೂಟಿಂಗ್ ಇಲ್ಲದ ಭಾನುವಾರ ಮಣ್ಣು ತಗೊಂಡು ಇಲ್ಲಿಗೆ ಬಾ. ನನ್ನ ತಲೆಯನ್ನೇ ಮಾಡು, ಕೂರುತ್ತೇನೆ. ಬಾಯಿ ಮುಚ್ಚಿಕೊಂಡು ಮಾತ್ರ ಕೂರುವುದಿಲ್ಲ. ಮೂಗು ಡೊಂಕಾದರೆ ಅಲ್ಲೇ ಹೇಳುತ್ತೇನೆ.

ನಿನ್ನ
ದೊಡ್ಡಮ್ಮ