ಜಪಾನಿ ಸಿನಿಮಾದ ಮನೆಗಳಲ್ಲಿ ನೆಮ್ಮದಿ ಎಲ್ಲಿದೆ?

ಮಾನ್ಯರೇ,

ಜಪಾನಿನ ಕೌಟುಂಬಿಕ ಸಿನಿಮಾಗಳ ಬಗ್ಗೆ ನಿಮ್ಮ ಭಾನುವಾರದ ಪುರವಣಿಯಲ್ಲಿ ಬಂದ ಲೇಖನ ಓದಿ ಖುಷಿಯಾಯಿತು. ಆದರೆ ಆ ಮನೆಗಳಲ್ಲಿ ಕೂಗಾಟವಿಲ್ಲ, ಎಷ್ಟು ನೆಮ್ಮದಿ ಎಂಬ ಮಾತನ್ನು ನಾನು ಒಪ್ಪಲಾರೆ. ಕೂಗಾಟ ಇಲ್ಲ, ನಿಜ. ಹಾಗಂತ ನೆಮ್ಮದಿ ಇದೆಯೇ?

ಹಿರೊಕಾಜು ಕೊರೆಎಡಾ ಅವರ ‘ಸ್ಟಿಲ್ ವಾಕಿಂಗ್’ (2008) ನೋಡಿ. ಮುಳುಗುತ್ತಿದ್ದ ಹುಡುಗನೊಬ್ಬನನ್ನು ಉಳಿಸಲು ಹೋಗಿ ಸತ್ತ ದೊಡ್ಡ ಮಗನ ವರ್ಷದ ದಿನ ಎಲ್ಲರೂ ಮನೆಯಲ್ಲಿ ಸೇರುತ್ತಾರೆ. ಅಮ್ಮ ಮೆಕ್ಕೆಜೋಳದ ಟೆಂಪುರಾ (ಬಜ್ಜಿಯಂಥ ತಿಂಡಿ) ಕರಿಯುತ್ತಾಳೆ, ಹರಟುತ್ತಾಳೆ. ಕೆಲಸ ಕಳೆದುಕೊಂಡ ಎರಡನೇ ಮಗ ಅದನ್ನು ಬಾಯಿಬಿಡುವುದಿಲ್ಲ. ಬದುಕಿ ಉಳಿದ ಆ ಹುಡುಗನಿಗೂ ಪ್ರತಿ ವರ್ಷ ಕರೆ ಹೋಗುತ್ತದೆ. ಈಗ ಅವನು ದಪ್ಪನೆಯ ಯುವಕ, ಬಂದು ಬೆವರುತ್ತಾ ಕೂರುತ್ತಾನೆ. ಪಾಪ, ಇನ್ನು ಅವನನ್ನು ಕರೆಯೋದು ಬೇಡ ಎಂದು ಮಗ ಹೇಳಿದರೆ, ಅದಕ್ಕೇ ಕರೆಯುವುದು ಎನ್ನುತ್ತಾಳೆ ಅಮ್ಮ. ದನಿ ಒಂಚೂರೂ ಏರುವುದಿಲ್ಲ, ಕೈಯಲ್ಲಿನ ಹೆಣಿಗೆಯೂ ನಿಲ್ಲುವುದಿಲ್ಲ. ಮಗನನ್ನು ಕಳೆದುಕೊಂಡ ಸಿಟ್ಟನ್ನು ಆಕೆ ಇಷ್ಟು ವರ್ಷ ಹಾಗೇ ಇಟ್ಟುಕೊಂಡಿದ್ದಾಳೆ. ಗಂಡನಿಗೆ ಬೇರೆ ಹೆಂಗಸಿನ ಸಹವಾಸ ಇದ್ದದ್ದೂ ಆಕೆಗೆ ಗೊತ್ತಿತ್ತು. ಅದನ್ನು ತಿಳಿಸುವುದು ಒಂದು ಹಳೇ ಹಾಡಿನ ರೆಕಾರ್ಡ್ ಮೂಲಕ, ಅಷ್ಟೇ.

ಅದೇ ವರ್ಷ ಬಂದ ಕಿಯೋಶಿ ಕುರೊಸಾವಾ ಅವರ ‘ಟೋಕಿಯೋ ಸೊನಾಟಾ’ದಲ್ಲಿ ಕೆಲಸ ಹೋದ ಅಪ್ಪ ದಿನಾ ಸೂಟು ಹಾಕಿಕೊಂಡು ಆಫೀಸಿಗೆಂದೇ ಹೊರಡುತ್ತಾನೆ. ಪುಕ್ಕಟೆ ಊಟದ ಸಾಲಿನಲ್ಲಿ ಅವನು ನಿಂತಿರುವುದು ಹೆಂಡತಿಯ ಕಣ್ಣಿಗೆ ಬೀಳುತ್ತದೆ. ಸುಮ್ಮನಿರುತ್ತಾಳೆ. ಗಂಡನ ಮಾನ ಉಳಿಯಲಿ ಎಂಬ ಕಾಳಜಿಯೂ ಅದರಲ್ಲಿರಬಹುದು. ಆದರೆ ಮಗ ಕದ್ದು ಪಿಯಾನೊ ಕಲಿತದ್ದಕ್ಕೆ ಗಂಡ ಅಪ್ಪನ ದರ್ಪ ತೋರಿಸಿದಾಗ, ಕೆಲಸ ಹೋದದ್ದು ನನಗೆ ಮೊದಲೇ ಗೊತ್ತಿತ್ತು ಎಂದುಬಿಡುತ್ತಾಳೆ. ಇನ್ನೊಬ್ಬರ ಗುಟ್ಟನ್ನು ಕಂಡೂ ಕಾಣದಂತೆ ಇರುವುದು ಎಲ್ಲಿಯವರೆಗೆ ಗೌರವ, ಎಲ್ಲಿಂದ ಕೈಬಿಟ್ಟಂತೆ? ಈ ಸಿನಿಮಾಗಳು ನನ್ನನ್ನು ಕಾಡುವುದು ಈ ಪ್ರಶ್ನೆಯಿಂದಲೇ.

ಲೇಖನದಲ್ಲಿ ಯೊಶಿಮಿತ್ಸು ಮೊರಿಟಾ ಅವರ ‘ಫ್ಯಾಮಿಲಿ ಗೇಮ್’ (1983) ಹೆಸರೇ ಇಲ್ಲದ್ದು ಬೇಸರ ತಂದಿತು. ಅದರಲ್ಲಿ ನಾಲ್ಕು ಜನರ ಸಂಸಾರ ಉದ್ದನೆಯ ಮೇಜಿನ ಒಂದೇ ಬದಿಗೆ ಸಾಲಾಗಿ ಕೂತು ಉಣ್ಣುತ್ತದೆ. ಯಾರ ಮುಖವೂ ಯಾರಿಗೂ ಕಾಣುವುದಿಲ್ಲ. ಗಂಡ ಹೆಂಡತಿ ಗುಟ್ಟು ಮಾತಾಡಬೇಕೆಂದರೆ ಇಕ್ಕಟ್ಟಾದ ಫ್ಲ್ಯಾಟ್ ಬಿಟ್ಟು ಕೆಳಗೆ ನಿಲ್ಲಿಸಿದ ಕಾರಿನೊಳಗೆ ಹೋಗಿ ಕೂರಬೇಕು! ಮನೆಯೊಳಗೆ ತನಗೆಂದು ಒಂದಿಷ್ಟು ಜಾಗ ಇಲ್ಲದವರ ಪಾಡನ್ನು ಇದಕ್ಕಿಂತ ಚೆನ್ನಾಗಿ ತೋರಿಸಿದ ಸಿನಿಮಾ ನಾನು ಕಂಡಿಲ್ಲ. ಮುಂದಿನ ಪುರವಣಿಯಲ್ಲಿ ಇದರ ಬಗ್ಗೆಯೇ ಒಂದು ಲೇಖನ ಬರೆಸಿ ಎಂದು ಕೋರುತ್ತೇನೆ.

– ಒಬ್ಬ ಓದುಗ, ಮೈಸೂರು