ತೀರ್ಪು ಬಂದರೆ ಸಾಕೇ, ಜಾರಿ ಬೇಡವೇ?

ಮಾನ್ಯ ಸಂಪಾದಕರೇ,

ಅಪ್ಪ ತೀರಿಕೊಂಡ ಮೇಲೆ ಅಮ್ಮನಿಗೆ ಸಿಗಬೇಕಾದ ಕುಟುಂಬ ಪಿಂಚಣಿಯ ಬಾಕಿಯನ್ನು ಮೂರು ತಿಂಗಳೊಳಗೆ ಕೊಡಿ ಎಂದು ಹೈಕೋರ್ಟ್ ಹೇಳಿ ಎಂಟು ತಿಂಗಳಾಯಿತು. ಆದೇಶದ ಪ್ರತಿಯನ್ನು ಪ್ಲಾಸ್ಟಿಕ್ ಕವರಿನಲ್ಲಿ ಹಾಕಿಕೊಂಡು ಅಮ್ಮ ಬದಿಯಡ್ಕದಿಂದ ಕಾಸರಗೋಡಿಗೆ ಬಸ್ಸು ಹತ್ತುತ್ತಾರೆ. ಮಡಚಿದ ಗೆರೆಯಲ್ಲಿ ಕಾಗದ ಹರಿಯತೊಡಗಿದೆ. ಕಚೇರಿಯಲ್ಲಿ ‘ಫೈಲು ಮೇಲೆ ಹೋಗಿದೆ’ ಎಂಬ ಒಂದೇ ಮಾತು. ಅದೂ ಮಲಯಾಳದಲ್ಲಿ. ಅಮ್ಮನಿಗೆ ಬರುವುದು ಕನ್ನಡ, ತುಳು ಮಾತ್ರ.

ಕೋರ್ಟಿನ ಆದೇಶವನ್ನು ಬೇಕೆಂದೇ ಪಾಲಿಸದಿರುವುದು 1971ರ ನ್ಯಾಯಾಂಗ ನಿಂದನೆ ಕಾಯ್ದೆಯ ಪ್ರಕಾರ ಸಿವಿಲ್ ನಿಂದನೆ. ಆರು ತಿಂಗಳವರೆಗೆ ಸಾದಾ ಸಜೆ, 2,000 ರೂಪಾಯಿವರೆಗೆ ದಂಡ, ಅಥವಾ ಎರಡೂ. ಆದರೆ ಒಂದು ವರ್ಷದೊಳಗೆ ಅರ್ಜಿ ಹಾಕಬೇಕು. ಇದು ಎಷ್ಟೋ ಜನರಿಗೆ ಗೊತ್ತೇ ಇಲ್ಲ. ಇವತ್ತು ಬರುತ್ತದೆ, ನಾಳೆ ಬರುತ್ತದೆ ಎಂದು ಸುಮ್ನೆ ಕಾದು ಕೂತವರಿಗೆ ಆ ದಾರಿಯೂ ಮುಚ್ಚಿಹೋಗುತ್ತದೆ. ಅರ್ಜಿ ಹಾಕೋಣ ಎಂದರೆ ಮತ್ತೆ ಹೈಕೋರ್ಟ್ ಇರುವ ಎರ್ನಾಕುಳಕ್ಕೆ ರಾತ್ರಿ ರೈಲು, ಮತ್ತೆ ವಕೀಲರ ಫೀಸು. ಕೇಸು ಗೆದ್ದವರೇ ಇಷ್ಟು ಅಲೆಯಬೇಕಾ?

ಸರ್ಕಾರಿ ಕಚೇರಿಗಳು ಕೋರ್ಟಿನ ಆದೇಶ ಕೈಸೇರಿದ ದಿನವೇ ಗಡುವನ್ನು ರಿಜಿಸ್ಟರಿನಲ್ಲಿ ಬರೆದು, ಒಬ್ಬ ಅಧಿಕಾರಿಗೆ ಹೊಣೆ ವಹಿಸಲಿ. ಕನ್ನಡದಲ್ಲಿ ಕೇಳಿದವರಿಗೆ ಕನ್ನಡದಲ್ಲೇ ಉತ್ತರ ಬರೆದು ಕೊಡಲಿ.

– ಓದುಗ, ಬದಿಯಡ್ಕ